ಕರೆಂಟ್ ಬಿಲ್ ಸಿಕ್ಕಾಪಟ್ಟೆ ಬಂದರೆ ಏನು ಮಾಡಬೇಕು?

ಮೊದಲು ಮೀಟರ್ ನೋಡಿ, ಜಗಳ ಆಮೇಲೆ. ಬಿಲ್ಲಿನಲ್ಲಿರುವ ರೀಡಿಂಗ್‌ಗಿಂತ ಮೀಟರ್ ಕಡಿಮೆ ತೋರಿಸುತ್ತಿದೆಯಾ? ಹಾಗಿದ್ದರೆ ತಪ್ಪು ಅಲ್ಲೇ ಸಿಕ್ಕಿತು, ಫೋಟೊ ತೆಗೆದಿಡಿ. ಸರಿ ಇದ್ದರೆ ಹೋದ ವರ್ಷದ ಇದೇ ತಿಂಗಳ ಬಿಲ್ ಹುಡುಕಿ. ಕಲಬುರಗಿಯ ಮೇ ತಿಂಗಳಲ್ಲಿ ಹಗಲು ರಾತ್ರಿ ಕೂಲರ್ ಓಡಿಸಿ ಡಿಸೆಂಬರ್ ಬಿಲ್ ಜೊತೆ ಹೋಲಿಸಿದರೆ ಜಾಸ್ತಿ ಕಾಣದೆ ಇರುತ್ತಾ?

ಆಮೇಲೂ ಅನುಮಾನ ಇದ್ದರೆ ವಿದ್ಯುತ್ ಸಹಾಯವಾಣಿ 1912ಕ್ಕೆ ಫೋನ್ ಮಾಡಿ ದೂರಿನ ನಂಬರ್ ಬರೆದುಕೊಳ್ಳಿ. ಆದರೆ ಅಷ್ಟಕ್ಕೇ ಬಿಡಬೇಡಿ. ಆರ್‌ಆರ್ ನಂಬರ್ (ಬಿಲ್ಲಿನಲ್ಲಿರುವ ನಿಮ್ಮ ಸಂಪರ್ಕದ ನಂಬರ್) ಹಾಕಿ ಜೆಸ್ಕಾಂ (ಕಲಬುರಗಿ ಭಾಗದ ವಿದ್ಯುತ್ ಕಂಪನಿ) ಉಪವಿಭಾಗ ಕಚೇರಿಗೆ ಅರ್ಜಿ ಕೊಡಿ, ನಿಮ್ಮ ಪ್ರತಿಯ ಮೇಲೆ ತಾರೀಖು, ಸೀಲು ಹಾಕಿಸಿಕೊಳ್ಳಿ. ಕೌಂಟರಿನಲ್ಲಿ ಬಾಯಿಮಾತಲ್ಲಿ ಹೇಳಿ ಬಂದದ್ದಕ್ಕೆ ಸಾಕ್ಷಿ ಇರಲ್ಲ.

"ಕಟ್ಟದಿದ್ದರೆ ಲೈನ್ ಕಟ್" ಅಂದರೆ ಹೆದರಬೇಡಿ. 2003ರ ವಿದ್ಯುತ್ ಕಾಯ್ದೆಯ 56ನೇ ಸೆಕ್ಷನ್ ಪ್ರಕಾರ, ಬಾಕಿಗಾಗಿ ಲೈನ್ ಕತ್ತರಿಸುವ ಮೊದಲು 15 ದಿನಗಳ ಲಿಖಿತ ನೋಟಿಸ್ ಕೊಡಲೇಬೇಕು. ತಕರಾರು ಇದೆ ಎಂದು ಬರೆದುಕೊಟ್ಟು, ಕೇಳಿದ ಮೊತ್ತ ಅಥವಾ ಹಿಂದಿನ ಆರು ತಿಂಗಳ ಸರಾಸರಿ, ಇವೆರಡರಲ್ಲಿ ಯಾವುದು ಕಡಿಮೆಯೋ ಅದನ್ನು ಕಟ್ಟಿದರೆ ತೀರ್ಮಾನ ಆಗುವವರೆಗೂ ಕತ್ತರಿಸುವಂತಿಲ್ಲ. ಸುಮ್ನೆ ಬಿಲ್ ಕಟ್ಟದೆ ಕೂತರೆ ಮಾತ್ರ ಈ ರಕ್ಷಣೆ ಸಿಗಲ್ಲ. ಹಳೇ ಬಾಕಿ ಅಂತ ದಿಢೀರನೆ ತಂದರೆ, ಅದು ಎರಡು ವರ್ಷಕ್ಕಿಂತ ಹಳೆಯದಾಗಿದ್ದು ನಡುವಿನ ಬಿಲ್ಲುಗಳಲ್ಲಿ ಬಾಕಿ ಎಂದು ತೋರಿಸುತ್ತಾ ಬಂದಿರದಿದ್ದರೆ, ಅದಕ್ಕಾಗಿ ಲೈನ್ ಕತ್ತರಿಸುವಂತಿಲ್ಲ.

ಕಚೇರಿಯಲ್ಲಿ ಬಗೆಹರಿಯದಿದ್ದರೆ ಗ್ರಾಹಕರ ಕುಂದುಕೊರತೆ ನಿವಾರಣಾ ವೇದಿಕೆಗೆ ಹೋಗಿ, ಅಲ್ಲೂ ಸಮಾಧಾನ ಆಗದಿದ್ದರೆ ಮೇಲ್ಮನವಿ ಕೇಳುವ ವಿದ್ಯುತ್ ಒಂಬುಡ್ಸ್‌ಮನ್ ಇದ್ದಾರೆ. ಸೀಲು ಹಾಕಿಸಿದ ಆ ಅರ್ಜಿ ಪ್ರತಿ ಎರಡೂ ಕಡೆ ಬೇಕಾಗುತ್ತದೆ.