ಯಕ್ಷಗಾನದ ರಾತ್ರಿ: ಕ್ಯಾಮೆರಾ, ಧ್ವನಿ, ಎಡಿಟ್ ಮೂರೂ ಒಬ್ಬನದೇ

ತೆಂಕುತಿಟ್ಟು ಯಕ್ಷಗಾನದ (ಕರಾವಳಿಯ ದಕ್ಷಿಣದ ಶೈಲಿ) ಇಡೀ ರಾತ್ರಿಯ ಆಟವನ್ನು ಒಬ್ಬನೇ ಸಾಕ್ಷ್ಯಚಿತ್ರಕ್ಕೆ ಹಿಡಿಯುವುದು ಆಗದ ಮಾತು ಎಂದವರೇ ಹೆಚ್ಚು. ಆಗುತ್ತದೆ. ಧ್ವನಿಯನ್ನು ಮೊದಲು ಗೆಲ್ಲಬೇಕು, ಕ್ಯಾಮೆರಾ ಆಮೇಲಿನದು.

ಮೇಳದ ಜೊತೆಗಿನ ನನ್ನ ಮೊದಲ ತಿರುಗಾಟದ ರೆಕಾರ್ಡಿಂಗ್ ಪೂರ್ತಿ ಹಾಳಾಯಿತು. ಕಾರಣ ಆಟೋ ಗೇನ್, ಅಂದರೆ ಧ್ವನಿಯ ಮಟ್ಟವನ್ನು ಯಂತ್ರವೇ ಏರಿಳಿಸುವ ವ್ಯವಸ್ಥೆ. ಚೆಂಡೆ ಬಿದ್ದ ಕೂಡಲೇ ಅದು ಮಟ್ಟವನ್ನು ಕೆಳಗೆ ಎಳೆಯುತ್ತದೆ, ಭಾಗವತರ ಪದ ಮುಳುಗುತ್ತದೆ. ಅರ್ಥಗಾರಿಕೆಯ ನಡುವೆ ಒಂದು ಉಸಿರಿನಷ್ಟು ಮೌನವಾದರೆ ಜನರೇಟರಿನ ಗುಂಯ್ ಮೇಲೆದ್ದು ಬರುತ್ತದೆ. ಈಗ 32-ಬಿಟ್ ಫ್ಲೋಟ್ ರೆಕಾರ್ಡರ್ ಬೇರೆಯೇ ಇಡುತ್ತೇನೆ; ಅತಿ ಸಣ್ಣ, ಅತಿ ದೊಡ್ಡ ಸದ್ದು ಎರಡನ್ನೂ ಅದು ಹಿಡಿಯುತ್ತದೆ, ಮಟ್ಟವನ್ನು ಆಮೇಲೆ ಸರಿಮಾಡಬಹುದು. ಅದಕ್ಕೆ ಸುಮಾರು 30 ಸಾವಿರ ಹೋಯಿತು. ಧ್ವನಿಯವರಿಗೆ ರಾತ್ರಿಗೆ ನಾಲ್ಕೈದು ಸಾವಿರ ಕೊಡುವ ಲೆಕ್ಕ ಹಾಕಿದರೆ ಏಳೆಂಟು ಆಟದಲ್ಲಿ ಆ ದುಡ್ಡು ಹುಟ್ಟಿತು. ಆದರೂ ಎಚ್ಚರ ಬೇಕು: ಸದ್ದು ಮೈಕಿನ ಮಿತಿಯನ್ನೇ ದಾಟಿ ಅಲ್ಲೇ ಒಡೆದರೆ ಫ್ಲೋಟ್ ಅದನ್ನು ಉಳಿಸುವುದಿಲ್ಲ. ಚೆಂಡೆಗೆ ಹತ್ತಿರ ಸೂಕ್ಷ್ಮ ಕಂಡೆನ್ಸರ್ ಮೈಕ್ ಬೇಡವೇ ಬೇಡ.

ಗೆಜ್ಜೆಗಾಗಿ ರಂಗದ ಹಲಗೆಗೆ ಕಾಂಟ್ಯಾಕ್ಟ್ ಮೈಕ್ (ವಸ್ತುವಿನ ಕಂಪನವನ್ನೇ ಹಿಡಿಯುವ ಮೈಕ್) ಅಂಟಿಸಿ ನೋಡಿದೆ. ಹೆಜ್ಜೆಯ ಧಡಧಡ ಬಂತು, ಗೆಜ್ಜೆಯ ಕಿಣಿಕಿಣಿ ಬರಲಿಲ್ಲ. ಅಂಗಿಗೆ ಸಿಕ್ಕಿಸುವ ಸಣ್ಣ ಲ್ಯಾಪೆಲ್ ಮೈಕನ್ನು ಸ್ಪಂಜಿನಲ್ಲಿ ಸುತ್ತಿ ರಂಗದ ಮುಂದಿನ ಅಂಚಿನಲ್ಲಿ ಇಟ್ಟಾಗಲೇ ಅದು ಸಿಕ್ಕಿದ್ದು.

ದೃಶ್ಯ ಸೆಕೆಂಡಿಗೆ 25 ಫ್ರೇಮ್, ಶಟರ್ 1/50 ಸೆಕೆಂಡ್. ಊರಿನ ಕರೆಂಟ್ ಲೈನ್ ಇದ್ದರೆ ಸಾಮಾನ್ಯವಾಗಿ ಇಷ್ಟೇ ಸಾಕು. ಜನರೇಟರ್ 50 ಹರ್ಟ್ಜ್‌ನಲ್ಲಿ ನಿಲ್ಲದೆ ತೂಗಾಡಿದರೆ ಎಲ್‌ಇಡಿ ದೀಪದ ಮಿನುಗು ಚಿತ್ರದಲ್ಲಿ ಪಟ್ಟೆಯಾಗಿ ಓಡುತ್ತದೆ. ಆಗ ಶಟರನ್ನು ಸ್ವಲ್ಪ ಸ್ವಲ್ಪವೇ ಸರಿಸಿ ಪಟ್ಟೆ ನಿಲ್ಲುವ ಅಂಕಿ ಹುಡುಕಬೇಕು. ಇದನ್ನು ಕಥೆಗೆ ಮೊದಲಿನ ಪೂರ್ವರಂಗದ ಹೊತ್ತಿಗೇ ಮುಗಿಸಿ, ಪ್ರಸಂಗದ ನಡುವೆ ಕೈ ಹಾಕಬೇಡಿ.

ವೀಡಿಯೊ 100 ಎಂಬಿಪಿಎಸ್‌ನಲ್ಲಿ (ಸೆಕೆಂಡಿಗೆ 100 ಮೆಗಾಬಿಟ್) ದಾಖಲಾದರೆ ಗಂಟೆಗೆ 45 ಜಿಬಿ. ಎಂಟು ಗಂಟೆಯ ಆಟಕ್ಕೆ 360. ಬೆಳಿಗ್ಗೆ ನಿದ್ದೆಗೆ ಮೊದಲೇ ಎರಡು ಡ್ರೈವಿಗೆ ನಕಲು; ಕಾರ್ಡ್ ಅಳಿಸುವುದು ಮರುದಿನ.

ರೆಕಾರ್ಡರ್ ಮತ್ತು ಕ್ಯಾಮೆರಾದ ಗಡಿಯಾರಗಳು ಗಂಟೆಗೆ ಒಂದೋ ಎರಡೋ ಫ್ರೇಮ್‌ನಷ್ಟು ಒಂದರಿಂದ ಒಂದು ಜಾರುತ್ತವೆ. ಬೆಳಗಿನ ಜಾವಕ್ಕೆ ತುಟಿಗೂ ಮಾತಿಗೂ ಹೊಂದುವುದಿಲ್ಲ. ಚಿತ್ರ-ಧ್ವನಿ ಹೊಂದಿಸುವ ಗುರುತಿಗಾಗಿ ಚಪ್ಪಾಳೆ ತಟ್ಟಲು ಸಹಾಯಕರಿಲ್ಲ. ಅದಕ್ಕೆ ಗಂಟೆಗೊಮ್ಮೆ ಭಾಗವತರ ಜಾಗಟೆಯ ಒಂದು ಸ್ಪಷ್ಟ ಪೆಟ್ಟನ್ನು ಫ್ರೇಮಿನಲ್ಲಿ ಹಿಡಿದಿಡುತ್ತೇನೆ. ಎಡಿಟಿನಲ್ಲಿ ಅದೇ ಗುರುತು. ಒಬ್ಬನೇ ಎಡಿಟರ್ ಕೂಡ ಆಗಿರುವುದರ ಲಾಭ ಇದು: ಮೇಜಿನ ಮೇಲೆ ಏನು ಬೇಕಾಗುತ್ತದೆ ಎಂಬುದು ರಂಗದ ಎದುರೇ ಗೊತ್ತಿರುತ್ತದೆ.