ಅಪಘಾತದ ಕೇಸ್‌ಶೀಟ್‌ಗೆ ಕೋಡ್ ಹಾಕೋದು: ಗಂಗಾವತಿಯಿಂದ ನನ್ನ ಅನುಭವ

ಗಂಗಾವತಿಯ ಒಂದು ಖಾಸಗಿ ಆಸ್ಪತ್ರೆಯ ರೆಕಾರ್ಡ್ ರೂಮಿನಲ್ಲಿ ನನ್ನ ಕೆಲಸ. ಡಿಸ್ಚಾರ್ಜ್ ಆದವರ ಕೇಸ್‌ಶೀಟ್ ಓದಿ ಐಸಿಡಿ-10 ಕೋಡ್ ಹಾಕುತ್ತೇನೆ. ಐಸಿಡಿ ಅಂದರೆ ರೋಗ, ಗಾಯ, ಅವುಗಳ ಕಾರಣಗಳಿಗೆ ವಿಶ್ವ ಆರೋಗ್ಯ ಸಂಸ್ಥೆ ಮಾಡಿದ ಕೋಡ್ ಪಟ್ಟಿ. ನಮ್ಮಲ್ಲಿ ಅಪಘಾತದ ಕೇಸ್ ಜಾಸ್ತಿ. ಭತ್ತದ ಸೀಮೆ ಇದು, ಕಟಾವು ಶುರುವಾಯಿತೆಂದರೆ ಟ್ರ್ಯಾಕ್ಟರ್, ಕಟಾವು ಮಷೀನು, ರೈಸ್ ಮಿಲ್ಲಿನ ಲಾರಿ ಎಲ್ಲಾ ಒಂದೇ ರಸ್ತೆಯಲ್ಲಿ, ಆ ರಸ್ತೆಯ ಅರ್ಧದಲ್ಲಿ ಭತ್ತ ಒಣಗಲು ಹಾಕಿರುತ್ತಾರೆ. ಈ ಕೇಸ್‌ಗಳಿಗೆ ಕೋಡ್ ಹಾಕುವಾಗ ಹೊಸಬರು ಗೊಂದಲ ಮಾಡಿಕೊಳ್ಳುವುದನ್ನು ನೋಡಿ, ನಾನು ಹೇಗೆ ಮಾಡುತ್ತೇನೆ ಅಂತ ಬರೆಯುತ್ತಿದ್ದೇನೆ.

ಗಾಯಕ್ಕೆ ಒಂದು ಕೋಡ್, ಗಾಯ ಹೇಗಾಯಿತು ಅನ್ನುವುದಕ್ಕೆ ಇನ್ನೊಂದು. ತೊಡೆಮೂಳೆ ನಡುವೆ ಮುರಿದಿದ್ದರೆ ಎಸ್72.3. ಇದು ಸುಲಭ, ಎಕ್ಸ್‌ರೇ ರಿಪೋರ್ಟ್ ಕಣ್ಣೆದುರೇ ಇರುತ್ತದೆ. ಹೇಗೆ ಮುರಿಯಿತು ಅನ್ನುವುದು ವಿ01ರಿಂದ ವಿ99ರ ಒಳಗೆ ಬರುತ್ತದೆ, ಕಷ್ಟ ಇರುವುದು ಅಲ್ಲಿ. ಕೇಸ್‌ಶೀಟ್‌ನಲ್ಲಿ ಆರ್‌ಟಿಎ (ರಸ್ತೆ ಅಪಘಾತ) ಅಂತಷ್ಟೇ ಇದ್ದರೆ ವಿ89.2 ಬಿಟ್ಟು ಬೇರೆ ದಾರಿಯಿಲ್ಲ. ಯಾವುದೋ ಮೋಟಾರು ಗಾಡಿ, ರಸ್ತೆಯ ಮೇಲೆ, ಅಷ್ಟೇ ಅದರ ಅರ್ಥ. ವರ್ಷದ ಪಟ್ಟಿ ತೆಗೆದಾಗ ಸಾಲಾಗಿ ವಿ89.2 ಇದ್ದರೆ ಬೈಕಿನವರೆಷ್ಟು, ನಡೆದು ಹೋಗುತ್ತಿದ್ದವರೆಷ್ಟು, ಟ್ರ್ಯಾಲಿಯಲ್ಲಿ ಕೂತಿದ್ದ ಕೂಲಿಯವರೆಷ್ಟು ಅಂತ ಯಾರು ಹೇಳಬೇಕು? ಅಷ್ಟು ಜನ ನೋವು ತಿಂದಿದ್ದರ ಲೆಕ್ಕ ಹೀಗೆ ಕಳೆದು ಹೋಗಬಾರದು ಅನ್ನುವುದು ನನ್ನ ಹಟ.

ಹಾಗಾಗಿ ನಾನು ಮೊದಲು ಹೋಗಿ ಕೂತದ್ದು ಕ್ಯಾಶುವಾಲಿಟಿಯಲ್ಲಿ. ಕೋಡ್ ಹುಟ್ಟುವುದು ಅಲ್ಲೇ. ಡ್ಯೂಟಿ ಡಾಕ್ಟರ್ ಜೊತೆ ಮಾತಾಡಿ ಒಂದು ರಬ್ಬರ್ ಸ್ಟಾಂಪ್ ಮಾಡಿಸಿದೆವು. ಯಾವುದರಲ್ಲಿದ್ದರು, ಎಲ್ಲಿ ಕೂತಿದ್ದರು, ಯಾವುದಕ್ಕೆ ಬಡಿಯಿತು, ರಸ್ತೆಯೋ ಹೊಲವೋ, ಕೆಲಸಕ್ಕೆ ಹೊರಟಿದ್ದರೋ ಅಂತ ಅದರಲ್ಲಿ ಇದೆ, ಮುಂದೆ ಖಾಲಿ ಜಾಗ. ಎಂಎಲ್‌ಸಿ (ಪೊಲೀಸರಿಗೆ ತಿಳಿಸಬೇಕಾದ ಕೇಸಿನ ದಾಖಲೆ) ಬರೆಯುವಾಗಲೇ ತುಂಬಿಸಿಬಿಡುತ್ತಾರೆ. ರೋಗಿಗೆ ಪ್ರಜ್ಞೆ ಇಲ್ಲದಿದ್ದರೆ ಕರೆತಂದವರನ್ನು ಆಗಲೇ ಕೇಳಬೇಕು, ಆಮೇಲೆ ಅವರು ಸಿಗುವುದಿಲ್ಲ.

ಕೋಡ್ ಕಟ್ಟುವುದು ಹೀಗೆ. ಗಾಯಗೊಂಡವರು ಯಾವುದರಲ್ಲಿದ್ದರು ಅನ್ನುವುದು ಮೊದಲ ಅಂಕಿ. ನಡೆಯುವವರು 0, ಸೈಕಲ್ 1, ಬೈಕ್ 2, ಆಟೋ ಟಂಟಂ 3, ಕಾರು 4, ಟಾಟಾ ಏಸ್ ತರಹದ ಸಣ್ಣ ಗೂಡ್ಸ್ ಗಾಡಿ 5, ಲಾರಿ 6, ಬಸ್ಸು 7. ಯಾವುದಕ್ಕೆ ಬಡಿಯಿತು ಅನ್ನುವುದು ಎರಡನೆಯದು, ಅದರ ಅಂಕಿಗಳ ಪಟ್ಟಿ ಬೇರೆ. ಬೈಕ್ ಓಡಿಸುತ್ತಿದ್ದವರಿಗೆ ರಸ್ತೆಯಲ್ಲಿ ಲಾರಿ ಗುದ್ದಿದರೆ ವಿ24.4, ಹಿಂದೆ ಕೂತವರಿಗೆ ವಿ24.5. ಎತ್ತಿನ ಬಂಡಿಗೆ ಬಡಿದಿದ್ದರೆ ವಿ26. ಒಣಗಲು ಹಾಕಿದ ಭತ್ತದ ಮೇಲೆ ಸ್ಕಿಡ್ ಆಗಿ ಬಿದ್ದರೆ ಯಾವುದಕ್ಕೂ ಡಿಕ್ಕಿಯಿಲ್ಲ, ವಿ28. ನಾಯಿ ಅಡ್ಡ ಬಂತು ಅಂತ ಬರೆದಿದ್ದರೆ ನಾನು ಸುಮ್ನೆ ಬಿಡುವುದಿಲ್ಲ. ನಾಯಿಗೆ ಬಡಿದು ಬಿದ್ದರೆ ವಿ20, ನಾಯಿಯನ್ನು ತಪ್ಪಿಸಲು ಹೋಗಿ ಬಿದ್ದರೆ ವಿ28. ಬೇರೆ ಬೇರೆ ಅಲ್ವಾ?

ಚುಕ್ಕಿಯ ಆಚೆಯ ಅಂಕಿಯನ್ನು ಮಾತ್ರ ಬಾಯಿಪಾಠ ಮಾಡಬೇಡಿ. ಬೈಕಿನಲ್ಲಿ .5 ಅಂದರೆ ಹಿಂದಿನ ಸೀಟಿನವರು, ಆಟೋ ಕಾರಿನಲ್ಲಿ ಅದೇ .5 ಅಂದರೆ ಡ್ರೈವರ್. ಟ್ರ್ಯಾಕ್ಟರಿನಲ್ಲಿ ಎಲ್ಲವೂ ಬೇರೆ. ಪ್ರತಿ ಸಲ ಪುಸ್ತಕ ತೆಗೆದೇ ನೋಡಿ.

ಟ್ರ್ಯಾಕ್ಟರ್ ಬಗ್ಗೆ ಸ್ವಲ್ಪ ಜಾಸ್ತಿ ಹೇಳಬೇಕು, ನಮ್ಮ ಕಡೆ ಅದೇ ಮುಖ್ಯ. ಅದರಲ್ಲಿ ಇದ್ದವರಿಗೆ ವಿ84. ನಾಟಿಗೆ ಹೊರಟಿದ್ದ ಹೆಣ್ಣುಮಕ್ಕಳ ಟ್ರ್ಯಾಕ್ಟರ್ ಕಾಲುವೆ ಪಕ್ಕದ ರಸ್ತೆಯಲ್ಲಿ ಪಲ್ಟಿಯಾಗಿ, ಒಂದೇ ಹೊತ್ತಿಗೆ ಹಾಸಿಗೆಗಳೆಲ್ಲಾ ತುಂಬಿದ್ದವು. ಎಲ್ಲರ ಹಾಳೆಯ ಮೇಲೂ "ಟ್ರ್ಯಾಕ್ಟರ್ ಪಲ್ಟಿ" ಅಂತ ಒಂದೇ ಸಾಲು. ನಾನು ವಾರ್ಡಿಗೆ ಹೋಗಿ ಒಬ್ಬರನ್ನು ಕೇಳಿದೆ, "ಅಕ್ಕಾ, ಎಲ್ಲಿ ಕುಂತಿದ್ರಿ?" "ನಾವೆಲ್ಲಾ ಟ್ರ್ಯಾಲ್ಯಾಗ ಕುಂತಿದ್ವಿರಿ, ನಮ್ಮ ಮೈದುನ ಒಬ್ಬನ ಮಡ್‌ಗಾರ್ಡ್ ಮ್ಯಾಲ ಇದ್ದ." ಈ ಒಂದು ಮಾತಿನಲ್ಲಿ ಎರಡು ಕೋಡ್ ಇವೆ. ಐಸಿಡಿ ಪ್ರಕಾರ ಸಾಮಾನು ಹೇರುವ ಜಾಗದಲ್ಲಿ ಕೂತವರೂ ಪ್ರಯಾಣಿಕರೇ, ಹಾಗಾಗಿ ಟ್ರ್ಯಾಲಿಯವರಿಗೆ ವಿ84.1. ಮಡ್‌ಗಾರ್ಡ್, ಟಾಪು, ಮೆಟ್ಟಿಲ ಮೇಲೆ ಇದ್ದವರನ್ನು ಗಾಡಿಯ ಹೊರಗಡೆ ಇದ್ದವರೆಂದು ಲೆಕ್ಕ ಹಾಕುತ್ತಾರೆ, ಮೈದುನನಿಗೆ ವಿ84.2. ಅದೇ ಟ್ರ್ಯಾಕ್ಟರ್ ಗದ್ದೆಯಲ್ಲಿ ಮಗುಚಿ ಡ್ರೈವರ್‌ಗೆ ಪೆಟ್ಟಾಗಿದ್ದರೆ ವಿ84.5. ಮೇಲೆ ಇನ್ನೊಂದು ಅಂಕಿ ಸೇರಿಸಬಹುದು, ಆಗ ಏನು ಮಾಡುತ್ತಿದ್ದರು ಅನ್ನುವುದಕ್ಕೆ. ದುಡಿಮೆಗೆ 2. ಕೂಲಿಗೆ ಹೋಗುವ, ಬರುವ ದಾರಿಯೂ ದುಡಿಮೆಯ ಲೆಕ್ಕವೇ, ಆದ್ದರಿಂದ ಆ ಅಕ್ಕನವರಿಗೆ ವಿ84.12. ಈ 2 ಹಾಕುವುದನ್ನು ಬಹಳ ಜನ ಬಿಟ್ಟುಬಿಡುತ್ತಾರೆ. ನನ್ನ ಪ್ರಕಾರ ಇಡೀ ಕೋಡಿನಲ್ಲಿ ಬೆಲೆಬಾಳುವ ಅಂಕಿ ಅದೇ, ಕೂಲಿಯವರು ದಾರಿಯಲ್ಲೇ ಗಾಯಗೊಳ್ಳುತ್ತಿದ್ದಾರೆ ಅಂತ ಹೇಳುವುದು ಅದೊಂದೇ.

ಸಂಡೂರು, ತೋರಣಗಲ್ ಕಡೆಯ ಅದಿರು ಲಾರಿಗಳ ಕೇಸ್ ಬಂದಾಗ ಇನ್ನೊಂದು ಗಮನಿಸಿ. ಡ್ರೈವರ್ ಕೆಳಗಿಳಿದು ಸ್ಟೆಪ್ನಿ ಬದಲಿಸುತ್ತಿದ್ದಾಗ ಬೇರೆ ಲಾರಿ ಗುದ್ದಿದರೆ ಅವರು ಲಾರಿಯವರಲ್ಲ, ಪಾದಚಾರಿ. ವಿ04.1, ದುಡಿಮೆ ಸೇರಿಸಿ ವಿ04.12.

ಬೈಕ್ ಯಾರು ಓಡಿಸುತ್ತಿದ್ದರು ಅನ್ನುವಲ್ಲಿ ಲೈಸೆನ್ಸು, ಇನ್ಶೂರೆನ್ಸು ಅಂತ ಆಮೇಲೆ ಮಾತು ಬದಲಾಗುವುದುಂಟು. ಕೋಡ್ ಹಾಕುವವರು ದಾಖಲೆಯಲ್ಲಿ ಇರುವುದಕ್ಕಷ್ಟೇ ಹಾಕಬೇಕು. ಬರೆದಿಲ್ಲವೆಂದರೆ .9. ವಾರ್ಡಿನಲ್ಲಿ ನನಗೆ ತಿಳಿದದ್ದನ್ನೂ ನಾನೇ ಬರೆಯುವುದಿಲ್ಲ, ಡಾಕ್ಟರಿಗೆ ಹೇಳುತ್ತೇನೆ, ಅವರು ಕೇಳಿ ಖಚಿತ ಮಾಡಿಕೊಂಡು ತಾರೀಖು, ಸಹಿ ಹಾಕಿ ಬರೆದ ಮೇಲೆಯೇ ಕೋಡ್.

ಮುರಿದ ಮೂಳೆಗೆ ಹಾಕಿದ್ದ ರಾಡ್ ತೆಗೆಸಲು ಮಾತ್ರ ಬಂದವರಿಗೆ ಜೆಡ್47.0 ಸಾಕು. ಹಳೇ ಅಪಘಾತದಿಂದ ಉಳಿದ ತೊಂದರೆಗೆ ಬಂದಿದ್ದರೆ ವೈ85.0, ಮತ್ತೆ ವಿ ಹಾಕಬೇಡಿ, ಒಂದು ಅಪಘಾತ ಎರಡಾಗಿಬಿಡುತ್ತದೆ. ಬೆಂಗಳೂರಿನಲ್ಲಿ ಅಮೆರಿಕದ ಇನ್ಶೂರೆನ್ಸ್ ಕ್ಲೇಮ್ ನೋಡುವ ಗೆಳೆಯರ ಪುಸ್ತಕ ಬೇರೆ, ಅದರಲ್ಲಿ ಕೋಡ್ ಏಳು ಅಕ್ಷರದವರೆಗೆ ಹೋಗುತ್ತದೆ, ಅವರ ನಿಯಮ ಇಲ್ಲಿ ತರಬೇಡಿ. ಹೊಸ ಆವೃತ್ತಿ ಐಸಿಡಿ-11, 2022ರ ಜನವರಿ 1ರಿಂದ ಜಾರಿಗೆ ಬಂದಿದ್ದರೂ ನಮ್ಮಲ್ಲಿ ಇನ್ನೂ 10ರಲ್ಲೇ ಕೆಲಸ.

ಸಾವಿನ ಕೇಸ್‌ನಲ್ಲಿ ಇನ್ನೂ ಹುಷಾರಾಗಿರಬೇಕು. ಬದುಕಿದವರಲ್ಲಿ ಗಾಯದ ಕೋಡ್ ಮುಂದೆ, ವಿ ಕೋಡ್ ಹಿಂದೆ. ಸತ್ತವರಲ್ಲಿ ಸಾವಿನ ಮೂಲ ಕಾರಣವಾಗಿ ಲೆಕ್ಕಕ್ಕೆ ಹೋಗುವುದೇ ವಿ ಕೋಡ್. ಆಸ್ಪತ್ರೆಯಲ್ಲಿ ತೀರಿಕೊಂಡವರಿಗೆ ಬರೆಯುವ ಸಾವಿನ ಕಾರಣದ ಪ್ರಮಾಣಪತ್ರ, ಫಾರಂ 4ರಲ್ಲಿ ಗಾಯ ಹೇಗಾಯಿತು ಅಂತ ಕೇಳುವ ಜಾಗ ಇದೆ, ಅವಸರದಲ್ಲಿ ಅದು ಖಾಲಿ ಉಳಿಯುತ್ತದೆ. ಹಾಗೆ ಖಾಲಿ ಬಂದ ಫಾರಂ ಅನ್ನು ನಾನು ಎಂಎಲ್‌ಸಿ ಹಾಳೆಯ ಜೊತೆ ಪಿನ್ ಮಾಡಿ ಡಾಕ್ಟರ್ ಟೇಬಲ್ಲಿಗೆ ವಾಪಸ್ ಕಳಿಸುತ್ತೇನೆ.