ಬೂಷ್ಟು ಹಿಡಿದ ಮ್ಯಾಚ್ ಕ್ಯಾಸೆಟ್ ಉಳಿಸಿಕೊಳ್ಳುವ ಬಗೆ

ಲಕ್ಷ್ಮಣ್ 281 ಹೊಡೆದ 2001ರ ಕೋಲ್ಕತ್ತ ಟೆಸ್ಟನ್ನು ಟಿವಿಯಿಂದ ವೀಡಿಯೊ ಕ್ಯಾಸೆಟ್ಟಿಗೆ ರೆಕಾರ್ಡ್ ಮಾಡಿಟ್ಟಿದ್ದರೆ ಅದು ಕೊನೆಗಿರಲಿ, ಬೇರೆ ಕಡೆಯೂ ಸಿಗುತ್ತದೆ. ಮಂಗಳೂರಿನ ನೆಹರೂ ಮೈದಾನದಲ್ಲೋ ಗದ್ದೆಯಲ್ಲೋ ನಡೆದ ಅಂಡರ್‌ಆರ್ಮ್ ಟೂರ್ನಮೆಂಟಿನ ಕ್ಯಾಸೆಟ್ಟನ್ನು ಮೊದಲು ಎತ್ತಿಕೊಳ್ಳಿ. 1983ರಲ್ಲಿ ಕಪಿಲ್ ಹೊಡೆದ 175ಕ್ಕೇ ಟಿವಿ ದೃಶ್ಯವಿಲ್ಲ, ಊರ ಫೈನಲ್ಲನ್ನು ಕೇಳುವವರಾರು!

ಕರಾವಳಿಯಲ್ಲಿ ದೊಡ್ಡ ಶತ್ರು ಬೂಷ್ಟು. ಕ್ಯಾಸೆಟ್ಟಿನ ಕಿಟಕಿಗೆ ಟಾರ್ಚ್ ಹಿಡಿದು ನೋಡಿ: ಸುತ್ತಿದ ಟೇಪಿನ ಅಂಚಿನಲ್ಲಿ ಬಿಳಿ ಪುಡಿ, ಹತ್ತಿಯಂಥ ಚುಕ್ಕೆ ಕಂಡರೆ ಕ್ಯಾಸೆಟ್ ಓಡಿಸುವ ಯಂತ್ರವಾದ ವಿಸಿಆರ್‌ಗೆ ಹಾಕಲೇಬೇಡಿ. ಪುಡಿ ಅದರೊಳಗೆ ಟೇಪನ್ನು ಓದುವ ಹೆಡ್‌ಗೆ ಮೆತ್ತಿ ಚಿತ್ರ ಮಂಜಾಗುತ್ತದೆ, ಮುಂದಿನ ಕ್ಯಾಸೆಟ್ಟಿಗೂ ಅಂಟುತ್ತದೆ. ಗಾಳಿಯಾಡದ ಡಬ್ಬಿಯಲ್ಲಿ ಸಿಲಿಕಾ ಜೆಲ್ (ತೇವ ಹೀರುವ ಹರಳು) ಜೊತೆ ಒಂದೆರಡು ವಾರ ಒಣಗಿಸಿ. ಒದ್ದೆ ಬೂಷ್ಟು ಒರೆಸಿದಷ್ಟೂ ಹರಡುತ್ತದೆ. ಶುಚಿ ಮಾಡಲು ಜನವರಿಯಿಂದ ಮಾರ್ಚ್ ಒಳ್ಳೆಯ ಕಾಲ. ಜಡಿಮಳೆಯ ಆಟಿಯಲ್ಲಿ (ಜುಲೈ–ಆಗಸ್ಟ್) ಈ ಕೆಲಸಕ್ಕೆ ಕೈ ಹಾಕಬೇಡಿ.

ಮೂಗಿಗೆ ಎನ್95 ಮಾಸ್ಕ್ ಕಟ್ಟಿ, ಮನೆಯ ಹೊರಗೆ ಕುಳಿತುಕೊಳ್ಳಿ. ವಿಎಚ್‌ಎಸ್ (ಮನೆಬಳಕೆಯ ವೀಡಿಯೊ ಕ್ಯಾಸೆಟ್) ಅಡಿಯಲ್ಲಿ 5 ಸ್ಕ್ರೂ ಇರುತ್ತವೆ. ಬಿಚ್ಚಿದ ತಕ್ಷಣ ಟೇಪ್ ಯಾವ ರೋಲರ್ ಸುತ್ತಿ ಬರುತ್ತದೆಂದು ಫೋಟೊ ತೆಗೆದಿಡಿ, ಇಲ್ಲದಿದ್ದರೆ ಜೋಡಿಸುವಾಗ ಪರದಾಟ. ನೂಲು ಬಿಡದ ಬಟ್ಟೆಗೆ ಶೇ 99ರ ಐಸೊಪ್ರೊಪೈಲ್ ಆಲ್ಕೊಹಾಲ್ ತುಸುವೇ ಹಚ್ಚಿ ಅಂಚು ಒರೆಸಿ, ಸುರುಳಿಗಳನ್ನು ಒಳ್ಳೆಯ ಖಾಲಿ ಕವಚಕ್ಕೆ ದಾಟಿಸಿ. ಕ್ಯಾಸೆಟ್ಟಿನ ಹಿಂಬದಿಯ ಪ್ಲಾಸ್ಟಿಕ್ ಟ್ಯಾಬ್ ಮುರಿದಿದ್ದರೆ ಮೇಲೆ ರೆಕಾರ್ಡ್ ಆಗುವ ಭಯವಿಲ್ಲ.

ವಿಸಿಆರ್ ಹೆಡ್ ಒರೆಸುವುದರಲ್ಲೇ ಹೆಚ್ಚು ಹಾನಿಯಾಗುವುದು. ಶಾಮಿ ಚರ್ಮದ (ಒರೆಸಲು ಬಳಸುವ ಮೆತ್ತನೆಯ ಚರ್ಮ) ಕಡ್ಡಿಯನ್ನು ಹೆಡ್ ಕೂರಿಸಿರುವ ಉರುಳೆಯಾದ ಡ್ರಮ್ಮಿಗೆ ತಾಗಿಸಿ ಅಲುಗದಂತೆ ಹಿಡಿದು, ಇನ್ನೊಂದು ಕೈಯಿಂದ ಡ್ರಮ್ಮನ್ನೇ ನಿಧಾನವಾಗಿ ತಿರುಗಿಸಿ. ಮೇಲೆ ಕೆಳಗೆ ಉಜ್ಜಿದಿರೋ, ಕೂದಲಿನಷ್ಟು ತೆಳುವಾದ ಹೆಡ್ ತುದಿ ಚಟ್ಟೆಂದು ಮುರಿಯುತ್ತದೆ.

ಪ್ಲೇ ಮಾಡುವ ಮುಂಚೆ ಒಮ್ಮೆ ಕೊನೆಯವರೆಗೆ ಓಡಿಸಿ, ರಿವೈಂಡ್ ಮಾಡಿ. ಸುತ್ತಿನ ಬಿಗಿ ಸಮನಾಗುತ್ತದೆ. ಟೇಪನ್ನು ಕಂಪ್ಯೂಟರಿಗೆ ಇಳಿಸಿಕೊಳ್ಳುವ ಕ್ಯಾಪ್ಚರ್ ಸೆಟ್ಟಿಂಗ್: ಪಾಲ್ (ಭಾರತದ ಹಳೆಯ ಟಿವಿ ಪದ್ಧತಿ), 720×576, ಸೆಕೆಂಡಿಗೆ 25 ಫ್ರೇಮ್, ಇಂಟರ್‌ಲೇಸ್ಡ್ (ಒಂದು ಫ್ರೇಮಿನಲ್ಲಿ ಎರಡು ಅರ್ಧ ಚಿತ್ರ, ಅಂದರೆ ಫೀಲ್ಡ್), ಗುಣಮಟ್ಟ ಕಳೆಯದ ವೀಡಿಯೊ ಎಫ್‌ಎಫ್‌ವಿ1, ಧ್ವನಿ 48 ಕಿಲೊಹರ್ಟ್ಸ್ ಪಿಸಿಎಂ (ಕುಗ್ಗಿಸದ ಧ್ವನಿ). ಗಂಟೆಗೆ ಸುಮಾರು 30 ಜಿಬಿ ಬೇಕು. ಡಿಇಂಟರ್‌ಲೇಸ್ ಮಾಡಬೇಡಿ: ಸೆಕೆಂಡಿಗೆ 50 ಫೀಲ್ಡ್ ಇರುವುದರಿಂದಲೇ ಬೌಲರ್ ಕೈಬಿಟ್ಟ ಚೆಂಡು ಕಣ್ಣಿಗೆ ಸಿಗುವುದು, 25ಕ್ಕೆ ಇಳಿಸಿದರೆ ಅರ್ಧ ಚಲನೆ ಹೋಯಿತು. ಟೈಮ್ ಬೇಸ್ ಕರೆಕ್ಟರ್ (ಟೇಪಿನ ಚಿತ್ರದ ಏರುಪೇರಾದ ಸಮಯವನ್ನು ಸರಿಮಾಡುವ ಸಾಧನ) ಇಲ್ಲದೆ ಫ್ರೇಮ್ ಬಿಟ್ಟುಹೋದರೆ, ಬ್ಯಾಟಿನ ಸದ್ದು ಹೊಡೆತಕ್ಕಿಂತ ಮೊದಲೋ ಆಮೇಲೋ ಕೇಳುತ್ತದೆ. ವಾಟ್ಸ್ಆ್ಯಪ್‌ಗೆ ಬೇರೆ ಸಣ್ಣ ಎಂಪಿ4 ಮಾಡಿಕೊಳ್ಳಿ.

ಫೈಲಿನ ಹೆಸರಲ್ಲಿ ವರ್ಷ, ಮೈದಾನ, ತಂಡಗಳು ಇರಲಿ. ಆಟಗಾರರ ಗುರುತು ಹಿಡಿಯುವ ಹಿರಿಯರಿಂದ ಹೆಸರುಗಳನ್ನು ಈಗಲೇ ಬರೆಸಿಕೊಳ್ಳಿ. ಒಟ್ಟು 3 ಪ್ರತಿ, 2 ಬಗೆಯ ಸಾಧನ. ಒಂದು ಪ್ರತಿ ಮಂಗಳೂರು, ಉಡುಪಿಯ ಆಚೆ, ಬೆಂಗಳೂರಿನ ನೆಂಟರ ಮನೆಯಲ್ಲಿ. ಪೆನ್‌ಡ್ರೈವ್ ಲೆಕ್ಕಕ್ಕಿಲ್ಲ. ಮೂಲ ಕ್ಯಾಸೆಟ್ ಎಸೆಯದೆ ಪೂರ್ತಿ ರಿವೈಂಡ್ ಮಾಡಿ, ಪುಸ್ತಕ ನಿಲ್ಲಿಸಿದ ಹಾಗೆ ನಿಲ್ಲಿಸಿಡಿ. ಜೆಲ್‌ನ ನೀಲಿ ಹರಳು ಗುಲಾಬಿಯಾದರೆ ಬದಲಿಸಿ.